ನಾಲ್ಕನೇ ಪ್ಯಾರಾ

ಸ್ಯಾನ್‌ಫ್ರಾನ್ಸಿಸ್ಕೋ ಹತ್ತಿರದ ಡಬ್ಲಿನ್ನಿನ ನಮ್ಮ ಅಪಾರ್ಟ್‌ಮೆಂಟುಗಳಲ್ಲಿ ಇದ್ದವರಿಗೆ ಫಖರುನ್ನಿಸಾ ಎಂದರೆ ಮಕ್ಕಳನ್ನು ನೋಡಿಕೊಳ್ಳುವ ಆಂಟಿ, ಅಷ್ಟೆ. ಇಂಟರ್ನೆಟ್ಟಿನ ಹೊಸ ಹೊಸ ಕಂಪನಿಗಳು ದಿನಕ್ಕೊಂದು ಹುಟ್ಟುತ್ತಿದ್ದ ಕಾಲ ಅದು. ಗಂಡ ಹೆಂಡತಿ ಇಬ್ಬರೂ ಬೆಳಿಗ್ಗೆ ಏಳಕ್ಕೆಲ್ಲ ಫ್ರೀವೇ ಹಿಡಿಯಬೇಕು. ಹೋಗುವಾಗ ಮಕ್ಕಳನ್ನು ಆಕೆಯ ಬಾಗಿಲಲ್ಲಿ ಬಿಡುವರು, ಸಂಜೆ ಎತ್ತಿಕೊಂಡು ಹೋಗುವರು. "ಎಷ್ಟು ಸೈಲೆಂಟು ಅಲ್ವಾ ಆಂಟಿ" ಎನ್ನುವರು. ಸೈಲೆಂಟಂತೆ! ನಾನು ಆಕೆಯ ಮೇಲೆ ಎಷ್ಟು ಕೂಗಾಡಿದ್ದೇನೆ, ಆಕೆ ನನಗೆ ಎಷ್ಟು ತಿರುಗಿ ಅಂದಿದ್ದಾಳೆ ಎಂಬುದು ಗೋಡೆಯಾಚೆಯ ಚೀನೀ ಮುದುಕಿಗೆ ಗೊತ್ತು. ಆ ಮುದುಕಿ ಎರಡು ಸಲ ಗೋಡೆ ಬಡಿದಿದ್ದಳು.

ಫಖರುನ್ನಿಸಾ ನಮ್ಮ ಜಿಲ್ಲೆಯವಳೇ. ಜಿಲ್ಲೆಯ ಹೆಸರು ನಾನು ಬರೆಯುವುದಿಲ್ಲ, ಬರೆದರೆ ಅಲ್ಲಿನ ಸರಕಾರಿ ಆಫೀಸಿನವರಿಗೆ ಮತ್ತೊಂದು ಕೆಲಸ ಸಿಕ್ಕಂತಾಗುತ್ತದೆ. ಆಕೆಯ ತಂದೆ ಪೊಲೀಸರ ಸಮವಸ್ತ್ರ ಹೊಲಿಯುತ್ತಿದ್ದ. ಮಗಳು ಎಸ್ಸೆಸ್ಸೆಲ್ಸಿ ಪಾಸಾದಾಗ ಬಂಧುಬಳಗ ಮದುವೆ ಮಾಡು ಎಂದರೆ, "ಒಂದು ಮಿಶನ್ ನನಗ ಅನ್ನ ಹಾಕೇತಿ, ಇನ್ನೊಂದು ಮಿಶನ್ ಈಕಿಗೆ ಹಾಕಲಿ" ಎಂದು ಟೈಪಿಂಗ್ ಕಲಿಯಲು ಕಳಿಸಿದ. ಹನ್ನೊಂದು ಗಂಡುಹುಡುಗರ ನಡುವೆ ಇವಳೊಬ್ಬಳು. ಕನ್ನಡ, ಇಂಗ್ಲಿಷು ಎರಡರಲ್ಲೂ ಪಾಸು. ಎಪ್ಪತ್ತೊಂದರಲ್ಲಿ ಜಿಲ್ಲಾ ಆಫೀಸಿನ ಆಹಾರ ಶಾಖೆಯಲ್ಲಿ ಟೈಪಿಸ್ಟ್ ಆದಳು. ರೇಷನ್ನು, ಸಕ್ಕರೆ, ಸೀಮೆಎಣ್ಣೆ, ಯಾರ ಗೋಡೌನಿನಲ್ಲಿ ಏನು ಸಿಕ್ಕಿತು, ಯಾವ ಗಾಡಿ ಹಿಡಿದರು, ಎಲ್ಲ ಕಾಗದ ಆಕೆಯ ಬೆರಳಿನ ಕೆಳಗೆ ಹಾದುಹೋಗಬೇಕು. ಇಪ್ಪತ್ನಾಲ್ಕು ವರ್ಷ ಆ ಕುರ್ಚಿಯಲ್ಲಿ ಕುಳಿತು, ಗಂಡ ತೀರಿಕೊಂಡ ಮೇಲೆ ಪಿಂಚಣಿ ಬರೆಸಿಕೊಂಡು, ಮಗ ರೆಹಾನನ ಹತ್ತಿರ ಡಬ್ಲಿನ್ನಿಗೆ ಬಂದಳು.

ನನ್ನ ಅಳಿಯ ನವೀನ ಕಂಪ್ಯೂಟರಿನ ಕೆಲಸದವನು. ಅವನು ಎರಡು ಬೆರಳಿನಿಂದ ಟೈಪು ಮಾಡುವುದನ್ನು ಆಕೆ ಮೊದಲ ಸಲ ನೋಡಿದಾಗ ನನ್ನ ಕಿವಿಯಲ್ಲಿ, "ನಿಮ್ಮ ಅಳಿಯ ಹಿಂಗ ಕೋಳಿ ಕಾಳ ಹೆಕ್ಕಿದಂಗ ಹೊಡದ್ರ ಇವರ ಕಂಪನಿ ಹ್ಯಾಂಗ ನಡೀತದ್ರೀ ಬಂಗಾರಕ್ಕಾ?" ಎಂದಿದ್ದಳು. ಅಂದಿನಿಂದ ನಾವಿಬ್ಬರೂ ಗೆಳತಿಯರು. ಅಂಚೆಪೆಟ್ಟಿಗೆಗಳ ಹತ್ತಿರದ ಬೆಂಚಿನ ಮೇಲೆ ದಿನಾ ಸಂಜೆ ಕೂಡುತ್ತಿದ್ದೆವು. ಊರಿನ ಮಾತು ಊರಿನ ಮಾತಿನಲ್ಲೇ ಆಡಲು ನನಗೆ ಅಲ್ಲಿ ಬೇರೆ ಯಾರಿದ್ದರು?

ನಾನು ನಾಲ್ಕನೆಯ ಇಯತ್ತೆ ಓದಿದವಳು. ನನ್ನ ಯಜಮಾನರು ದೇವೇಂದ್ರಪ್ಪನವರು ಹೋದಾಗ ಉಳಿದದ್ದು ಒಂದು ಲಾರಿ. ಮಾರಿಬಿಡು ಎಂದರು ಎಲ್ಲರೂ. ನಾನು ಆರ್‌ಸಿ ಪುಸ್ತಕ ನನ್ನ ಹೆಸರಿಗೆ ಮಾಡಿಸಿ ಆರು ವರ್ಷ ನಡೆಸಿದೆ. ಲೋಡು ಹಿಡಿಯುವುದು, ಬಿಲ್ಲು ನೋಡುವುದು, ಟೈರು ಉಗುರಿನಿಂದ ಒತ್ತಿ ಇನ್ನೆಷ್ಟು ದಿನ ಬರುತ್ತದೆ ಎಂದು ಹೇಳುವುದು, ಎಲ್ಲ ನನಗೆ ಬರುತ್ತದೆ. ಓಡಿಸುವವನು ಯಮನೂರಪ್ಪ, ಯಜಮಾನರ ಕಾಲದಿಂದ ಹತ್ತೊಂಬತ್ತು ವರ್ಷದ ಡ್ರೈವರು. ತೊಂಬತ್ತೊಂಬತ್ತರ ಫೆಬ್ರವರಿಯಲ್ಲಿ ಮಗಳು ಪದ್ಮಜಾಳ ಬಾಣಂತನಕ್ಕೆಂದು ನಾನು ಡಬ್ಲಿನ್ನಿಗೆ ಹೋದಾಗ ಲಾರಿಯನ್ನು ಅವನ ಕೈಗೆ, ಮನೆಯ ಬೀಗದ ಕೈಯನ್ನು ಎದುರುಮನೆ ಕಾಶವ್ವನ ಕೈಗೆ ಕೊಟ್ಟಿದ್ದೆ. ಬಾಣಂತನ ಮುಗಿಸಿ ಊರಿಗೆ ಹೋಗಿ ನನ್ನ ಲಾರಿಯ ದುಡಿಮೆಯಲ್ಲಿ ನನ್ನ ಮನೆಯಲ್ಲಿ ಇರಬೇಕು, ಅದು ನನ್ನ ಲೆಕ್ಕ. ಮಗಳ ಮನೆ ಮಗಳ ಮನೆಯೇ.

ಜುಲೈ ತಿಂಗಳ ಒಂದು ಗುರುವಾರ ಸಂಜೆ ನವೀನ ಆಫೀಸಿನಿಂದ ಬಂದವನು ಒಂದು ಹಾಳೆ ತಂದ. ಊರಿನಿಂದ ಅವನ ಆಫೀಸಿಗೆ ಫ್ಯಾಕ್ಸು ಬಂದಿತ್ತು. ಪದ್ಮಜಾ ಮಗುವನ್ನು ತೊಡೆಯ ಮೇಲೆ ಹಾಕಿಕೊಂಡೇ ಓದಿದಳು. ನನ್ನ ಲಾರಿಯಲ್ಲಿ ಹನ್ನೊಂದು ಚೀಲ ರೇಷನ್ ಅಕ್ಕಿ ಸಿಕ್ಕಿತಂತೆ. ಅವಶ್ಯಕ ವಸ್ತುಗಳ ಕಾಯ್ದೆಯ ಪ್ರಕಾರ ಸದರಿ ಅಕ್ಕಿಯನ್ನೂ ಸದರಿ ವಾಹನವನ್ನೂ ಸರಕಾರ ಮುಟ್ಟುಗೋಲು ಹಾಕಿಕೊಂಡಿದೆಯಂತೆ. ಮಾಲೀಕರಿಗೆ ನೋಟೀಸು ಕೊಟ್ಟರೂ ಹಾಜರಾಗಲಿಲ್ಲವಂತೆ. ಕೆಳಗೆ ಜಿಲ್ಲಾ ಆಫೀಸಿನ ಸಾಹೇಬರ ಸಹಿ, ದುಂಡು ಮುದ್ರೆ.

"ಓದು ಇನ್ನೊಮ್ಮೆ" ಎಂದೆ.

"ಅವ್ವಾ, ಹೋಗ್ಲಿ ಬಿಡು" ಎಂದಳು ಪದ್ಮಜಾ. "ಹಳೇ ಲಾರಿ. ನಿನಗ ಇನ್ನ ಅದರ ಟೆನ್ಶನ್ನು ಯಾಕ? ಇಲ್ಲೇ ಇರು."

ನವೀನ ಬೆಂಗಳೂರಿನವನು, ಒಳ್ಳೆಯ ಹುಡುಗ, ಅವನ ಒಳ್ಳೆಯತನಕ್ಕೇ ನನಗೆ ಸಿಟ್ಟು ಬಂತು. "ಅತ್ತೆ, ವರಿ ಮಾಡ್ಬೇಡಿ. ನಮ್ ಕಂಪನಿ ಷೇರು ಮಾರ್ಕೆಟ್ಟಿಗೆ ಬಂದ್ರೆ ನಿಮಗೆ ಹೊಸಾ ಲಾರಿನೇ ಕೊಡಿಸ್ತೀನಿ."

"ನಿನ್ನ ಲಾರಿ ನಿನ್ನ ಹತ್ರ ಇರಲಿ" ಎಂದೆ. "ನಂದು ನನಗ ಬೇಕು. ಹನ್ನೊಂದು ಚೀಲ ಅಕ್ಕಿಗೆ ಒಂದು ಲಾರಿ ತಗೋತಾರೇನು? ಇದು ಯಾವ ಊರ ಸಂತ್ಯಾಗಿನ ವ್ಯಾಪಾರ?"

ಫೋನ್ ಕಾರ್ಡು ಉಜ್ಜಿ ಯಮನೂರಪ್ಪನ ಓಣಿಯ ಎಸ್‌ಟಿಡಿ ಬೂತಿಗೆ ಫೋನು ಹಚ್ಚಿಸಿದೆ. ಅವನು ಅಳುತ್ತಲೇ ಬಂದ.

"ಅವ್ವಾ, ದನದ ಹಿಂಡಿ ಅಂತ ಬಿಲ್ಲು ಕೊಟ್ರು. ಬಿಲ್ಲು ನೋಡೇನಿ, ಚೀಲ ಎಣಿಸೇನಿ. ಹಿಂಡಿ ಚೀಲದ ನಡುವ ಅಕ್ಕಿ ಚೀಲ ಹುಗದಿದ್ರು. ಚೀಲ ಬಿಚ್ಚಿ ನೋಡಾಕ ನಾ ಏನು ಅಮಲ್ದಾರನ?"

"ಏಪ್ರಿಲದಾಗ ಹಿಡದಾರ. ಈಗ ಜುಲೈ. ನನಗ ಯಾಕ ಹೇಳಲಿಲ್ಲೋ, ಸುಡುಗಾಡೇ?"

"ನಾನ ಬಿಡಿಸ್ಕೊಂಡ ಬರ್ತೇನಿ, ಬಾಣಂತಿ ಮನ್ಯಾಗ ನಿಮಗ್ಯಾಕ ತ್ರಾಸು ಅಂತ..."

ಮೂರು ತಿಂಗಳು ಅವನು ಆ ಆಫೀಸಿನ ಕಟ್ಟೆಯ ಮೇಲೆ ಕುಳಿತಿದ್ದ. ನಾಳೆ ಬಾ, ನಾಡಿದ್ದು ಬಾ. ಮೊದಲ ನೋಟೀಸು ನನ್ನ ಮನೆಗೆ ಬಂದಾಗ ಬೀಗ ಇತ್ತು. ಬಾಗಿಲಿಗೆ ಅಂಟಿಸಿ ಹೋದರು, ಗಾಳಿಗೆ ಹಾರಿತು. ಎರಡನೆಯದು, ಈ ಆದೇಶ, ರಿಜಿಸ್ಟರ್ ಆಗಿ ಬಂದಾಗ ಕಾಶವ್ವ ಹೆಬ್ಬೆಟ್ಟು ಒತ್ತಿ ತೆಗೆದುಕೊಂಡು, ಮನೆಪಟ್ಟಿಯ ಕಾಗದ ಇರಬೇಕೆಂದು ರೊಟ್ಟಿಬುಟ್ಟಿಯ ಕೆಳಗೆ ಇಟ್ಟಳು. ಕಡೆಗೆ ಅದು ಯಮನೂರಪ್ಪನ ಕಣ್ಣಿಗೆ ಬಿದ್ದು, ಅವನು ವಕೀಲ ಇಟಗಿಯವರ ಹತ್ತಿರ ಒಯ್ದ; ಫ್ಯಾಕ್ಸು ಕಳಿಸಿದವರು ಅವರೇ. ಆಕೆ ಹೆಬ್ಬೆಟ್ಟು ಒತ್ತಿ ಇಪ್ಪತ್ತೊಂದು ದಿನ ಆಗಿತ್ತು. ಮೂವತ್ತು ದಿನದೊಳಗೆ ಕೋರ್ಟಿಗೆ ಮೇಲ್ಮನವಿ ಹೋಗದಿದ್ದರೆ ಲಾರಿ ಹರಾಜು. ಅಂದರೆ ಒಂಬತ್ತು ದಿನ.

ಮರುದಿನ ಬೆಳಿಗ್ಗೆ ಆ ಹಾಳೆ ಹಿಡಿದು ಫಖರುನ್ನಿಸಾಳ ಮನೆಗೆ ಹೋದೆ. ನಾಲ್ಕು ಮಕ್ಕಳು ನೆಲದ ಮೇಲೆ ಹರಡಿಕೊಂಡಿದ್ದವು, ಆಕೆ ಒಂದಕ್ಕೆ ಬಾಳೆಹಣ್ಣು ತಿನ್ನಿಸುತ್ತಿದ್ದಳು. ಕೈ ಒರೆಸಿಕೊಂಡು ಹಾಳೆ ತೆಗೆದುಕೊಂಡಳು. ಓದಿದಳು. ಹಾಳೆ ತಿರುಗಿಸಿ ಹಿಂದೆ ನೋಡಿದಳು.

"ಇದೊಂದ ಹಾಳಿ ಏನು? ಎರಡನೇದು ಇಲ್ಲ?"

"ಅಷ್ಟ ಬಂದೈತಿ."

ಮತ್ತೆ ಓದಿದಳು. ಬೆರಳನ್ನು ಬದಿಯ ನಂಬರುಗಳ ಮೇಲೆ ಇಳಿಸುತ್ತ ಬಂದಳು. ಒಂದು, ಎರಡು, ಮೂರು, ಐದು, ಆರು. ಬೆರಳು ತಿರುಗಿ ಮೂರರ ಮೇಲೆ ಹೋಯಿತು.

"ಬಂಗಾರಕ್ಕಾ, ನಾಲ್ಕು ಎಲ್ಲೈತಿ?"

"ನನಗೇನ ಗೊತ್ತವ್ವ? ನೀ ಆಪೀಸಿನಾಕಿ."

"ನಾಲ್ಕು ಇಲ್ಲ. ಇಪ್ಪತ್ತು ವರ್ಷಾತು, ಇನ್ನೂ ಇಲ್ಲ" ಎಂದಳು. ಮಗುವಿನ ಬಾಯಲ್ಲಿ ಬಾಳೆಹಣ್ಣು ಹಾಗೇ ಇತ್ತು.

ಆಮೇಲೆ ಹೇಳಿದಳು. ನೆಲ ನೋಡುತ್ತ ಹೇಳಲಿಲ್ಲ, ನನ್ನ ಕಣ್ಣನ್ನೇ ನೋಡುತ್ತ ಹೇಳಿದಳು.

ಗಾಡಿ ಮುಟ್ಟುಗೋಲಿನ ಆದೇಶಕ್ಕೆ ಆಫೀಸಿನಲ್ಲಿ ಒಂದು ಅಚ್ಚು ಇರುತ್ತಿತ್ತು. ಮೇಣದ ಸ್ಟೆನ್ಸಿಲ್ ಕೊರೆದು, ಮಸಿ ಹಚ್ಚಿ, ನೂರಾರು ಪ್ರತಿ ತೆಗೆದಿಡುವರು. ಹೆಸರು, ಗಾಡಿ ನಂಬರು, ಮಾಲು, ತಾರೀಖು ತುಂಬಿದರೆ ಆದೇಶ ತಯಾರು. ಎಪ್ಪತ್ತೊಂಬತ್ತರಲ್ಲಿ ಹಳೆ ಸ್ಟೆನ್ಸಿಲ್ ಹರಿಯಿತು, ಹೊಸದು ಕೊರೆಯಲು ಇವಳಿಗೆ ಕೊಟ್ಟರು. ಕೊರೆದು ನೋಡಿದರೆ ಆರು ಪ್ಯಾರಾ ಒಂದು ಹಾಳೆಯಲ್ಲಿ ಹಿಡಿಸದೆ ಏಳು ಸಾಲು ಎರಡನೇ ಹಾಳೆಗೆ ಹೋಯಿತು. ಆ ವರ್ಷ ಕಾಗದದ ಬರ. ಶಿರಸ್ತೇದಾರ ಬಂದು, "ಬಾಯಾರ, ಏಳು ಸಾಲಿಗೆ ಇನ್ನೊಂದು ಹಾಳಿ ಹಾಳು ಮಾಡ್ತೀರೇನು? ಒಂದ ಹಾಳಿಗೆ ಕೂಡಸ್ರಿ" ಎಂದ. ಯಾವುದು ತೆಗೆಯಲಿ ಎಂದಳು. ಅವನು ಮೇಲಿನಿಂದ ಕೆಳಗೆ ನೋಡಿ ನಾಲ್ಕನೇ ಪ್ಯಾರಾದ ಮೇಲೆ ಪೆನ್ಸಿಲಿನಿಂದ ಗೀಟು ಹೊಡೆದ. "ಇದು ಹೆಂಗೂ ಕಾನೂನಿನ ಪುಸ್ತಕದಾಗ ಐತಿ. ಬೇಕಾದಾಂವ ಅಲ್ಲಿ ಓದಿಕೊಳ್ಳಲಿ" ಎಂದ. ನಂಬರು ಬದಲಿಸು ಎಂದು ಅವನು ಹೇಳಲಿಲ್ಲ, ಇವಳು ಮೂರಾದ ಮೇಲೆ ಐದನ್ನೇ ಹೊಡೆದಳು.

"ಏನಿತ್ತು ಅದರಾಗ?" ಎಂದೆ.

ಕಣ್ಣು ಮುಚ್ಚಿಕೊಂಡು ಒಪ್ಪಿಸಿದಳು. ಬಾಡಿಗೆಗೆ ಓಡುವ ಗಾಡಿಯೋ ಎತ್ತೋ ಎತ್ತಿನ ಬಂಡಿಯೋ ಹಿಡಿದರೆ, ಮಾಲೀಕನನ್ನು ಕೇಳಬೇಕು: ಗಾಡಿ ಬಿಟ್ಟುಕೊಡುತ್ತೀಯೋ, ಅದರ ಬದಲು ದಂಡ ಕಟ್ಟುತ್ತೀಯೋ? ಆ ದಂಡವೂ ಸಾಹೇಬನಿಗೆ ತಿಳಿದಷ್ಟಲ್ಲ. ಗಾಡಿಯಲ್ಲಿ ಸಿಕ್ಕ ಮಾಲಿನ ಆ ದಿನದ ಪೇಟೆ ಧಾರಣೆಗಿಂತ ಒಂದು ಪೈಸೆ ಹೆಚ್ಚು ಹಾಕುವಂತಿಲ್ಲ.

"ಅಂದ್ರ ಹನ್ನೊಂದು ಚೀಲ ಅಕ್ಕಿ ಕಿಮ್ಮತ್ತು ಅಷ್ಟ?"

"ಭಾಳಂದ್ರ ಅಷ್ಟ. ಅದೂ, ಮಾಲೀಕಗ ಗೊತ್ತಿಲ್ಲದ ನಡದಿದ್ರ, ಮಾಲೀಕ, ಡ್ರೈವರು ಇಬ್ಬರೂ ತಮ್ಮ ಎಚ್ಚರಿಕಿ ತಾವು ತಗೊಂಡಿದ್ರ, ಗಾಡಿ ಮುಟ್ಟಾಂಗಿಲ್ಲ. ಲಿಖಿತ ನೋಟೀಸು ಕೊಟ್ಟು, ಮಾಲೀಕನ ಮಾತು ಕೇಳದ ಆದೇಶ ಮಾಡಾಂಗಿಲ್ಲ. ಸರಕಾರಕ್ಕೂ ಗೆರಿ ಐತಿ, ಅಕ್ಕಾ. ಆ ಗೆರಿ ನಾ ಅಳಿಸಿದೆ."

ಅಳಿಸಿದ ಮೇಲೆ ಏನಾಯಿತೆಂದರೆ, ಹಾಳೆ ಕೇಳಲಿಲ್ಲ, ಆದ್ದರಿಂದ ಸಾಹೇಬರೂ ಕೇಳಲಿಲ್ಲ. ಸಾಹೇಬರು ಎರಡು ವರ್ಷಕ್ಕೊಬ್ಬರು ಬದಲಾದರು, ಹಾಳೆ ಬದಲಾಗಲಿಲ್ಲ. ಸ್ಟೆನ್ಸಿಲ್ ಹೋಗಿ ಕಂಪ್ಯೂಟರು ಬಂತು. ಹಳೆ ಹಾಳೆ ನೋಡಿಯೇ ಹೊಸದರಲ್ಲಿ ಹೊಡೆದರು, ಮೂರಾದ ಮೇಲೆ ಐದು. ನಾಲ್ಕು ಚೀಲ ಜೋಳಕ್ಕೆ ಎರಡು ಎತ್ತು, ಬಂಡಿ ಕಳೆದುಕೊಂಡವನೊಬ್ಬ ಆಫೀಸಿನ ಹುಣಸೆಮರದ ಕೆಳಗೆ ಎಂಟು ದಿನ ನೊಗದ ಹಗ್ಗ ಹಿಡಿದು ಕೂತಿದ್ದನಂತೆ. ಎಂಬತ್ಮೂರರಲ್ಲಿ ಇವಳೇ ಹೊಸ ಶಿರಸ್ತೇದಾರನಿಗೆ ನಂಬರು ತಪ್ಪಿದೆ ಎಂದು ತೋರಿಸಿದಳು. "ಇಷ್ಟ ದಿನ ನಡದೈತಿ. ಈಗ ತಿದ್ದಿದ್ರ ಹಿಂದಿನವು ಎಲ್ಲಾ ತಪ್ಪು ಅಂದಂಗಾಗ್ತದ" ಎಂದನಂತೆ. ಅಲ್ಲಿಗೆ ಇವಳು ಸುಮ್ಮನಾದಳು. ಹನ್ನೆರಡು ವರ್ಷ ಸುಮ್ಮನಿದ್ದಳು.

ನನಗೆ ಮೈಯೆಲ್ಲ ಉರಿಯಿತು. "ಹನ್ನೆರಡು ವರ್ಷ! ದಿನಾ ಆ ಹಾಳಿ ತುಂಬಿದ್ಯಲ್ಲ, ನಿನ್ನ ಕೈಗೆ ಹುಳಾ ಬೀಳಲಿಲ್ಲೇನ? ನನ್ನ ಕೂಡ ಐದು ತಿಂಗಳು ಬೆಂಚಿನ ಮ್ಯಾಲ ಕುಂತು ಶೇಂಗಾ ತಿಂದ್ಯಲ್ಲ, ಲಾರಿ ಮಾತು ಎಷ್ಟ ಸಲ ಬಂತು, ಒಂದ ಸಲ ಬಾಯಿ ಬಿಟ್ಟೇನು? ಏಳು ಸಾಲಂತ! ಹಾಳಿ ಉಳಿಸಿದ್ರಂತ!" ಇನ್ನೂ ಅಂದೆ, ಇಲ್ಲಿ ಬರೆಯಬಾರದ್ದೂ ಅಂದೆ. ಮಕ್ಕಳು ನಾಲ್ಕೂ ಅಳತೊಡಗಿದವು. ಚೀನೀ ಮುದುಕಿ ಗೋಡೆ ಬಡಿದಳು.

ಫಖರುನ್ನಿಸಾ ಒಂದು ಮಗುವನ್ನು ಎತ್ತಿ ನನ್ನ ತೋಳಿಗೆ ತುರುಕಿದಳು, ಇನ್ನೊಂದನ್ನು ತಾನು ಎತ್ತಿಕೊಂಡಳು. "ಬೈ, ಬೈಸ್ಕೊಳ್ಳಾಕ ಲಾಯಕ್ಕ ಇದ್ದೇನಿ. ಆದ್ರ ಎಂಟ ದಿನ ಉಳದಾವು. ಬೈಯೂದು ಒಂಬತ್ತನೇ ದಿನ ಇಟಗೊಳ್ಳು" ಎಂದಳು. ಅವಳಿಗೂ ಸಿಟ್ಟು ಬಂದಿತ್ತು. ಯಾರ ಮೇಲೆ ಸಿಟ್ಟೆಂದು ನಾನು ಕೇಳಲಿಲ್ಲ.

ಅಂದು ಸಂಜೆ ಊರಿನ ವಕೀಲ ಇಟಗಿಯವರಿಗೆ ಫೋನು ಮಾಡಿದೆವು, ಅಲ್ಲಿ ಶನಿವಾರ ಬೆಳಗು. ಫಖರುನ್ನಿಸಾ ಹೇಳಿದ್ದನ್ನೆಲ್ಲ ಕೇಳಿ ಅವರು, "ಪಾಯಿಂಟು ಭಾರಿ ಐತ್ರಿ. ಆದ್ರ ನಾ ಫೈಲು ನೋಡೇನಿ, ಆಪೀಸಿನವರು ಅದರಾಗ ಒಂದು ಚೀಟಿ ಸೇರಿಸ್ಯಾರ. ಡ್ರೈವರಗ ಬಾಯಿಲೆ ಕೇಳಿದ್ವಿ, ದಂಡ ಕಟ್ಟಾಂಗಿಲ್ಲ ಅಂದ, ಅಂತ. ಯಮನೂರಪ್ಪನ ಮಾತಿಗೂ ಸಾಹೇಬನ ಮಾತಿಗೂ ಕೋರ್ಟಿನಾಗ ತೂಕ ಒಂದ ಆಗೂದಿಲ್ಲ. ಆ ಆಪೀಸಿನಾಗ ಕೇಳೋ ಪದ್ಧತಿನ ಇರಲಿಲ್ಲ ಅಂತ ಒಳಗಿದ್ದವರು ಯಾರರ ಪ್ರಮಾಣ ಮಾಡಿ ಬರಕೊಟ್ರ..." ಎಂದರು.

ಫಖರುನ್ನಿಸಾಳ ಮನೆಯಲ್ಲಿ ಎಲ್ಲರೂ ಸ್ಪೀಕರಿನಲ್ಲಿ ಆ ಮಾತು ಕೇಳುತ್ತಿದ್ದರು. ರೆಹಾನ್ ಮೊದಲು ಬಾಯಿ ಬಿಟ್ಟ. ಅವನು ಬೆಂಗಳೂರಲ್ಲಿ ಕಲಿತವನು, ಅಲ್ಲಿಯದೇ ಮಾತು. "ಅಮ್ಮಿ, ನೋ. ನೀವು ಗೌರ್ನಮೆಂಟ್ ಪೆನ್ಷನರ್ರು. ನಿಮ್ ಮೇಲೇ ಕೇಸ್ ಹಾಕ್ತಾರೆ. ಪೆನ್ಷನ್ ನಿಲ್ಲಿಸ್ತಾರೆ. ವಿ ಆರ್ ನಾಟ್ ಡೂಯಿಂಗ್ ದಿಸ್."

ಆ ಪಿಂಚಣಿ ಆಕೆಗೆ ಏನೆಂದು ನನಗೆ ಗೊತ್ತಿತ್ತು. ಮಗನ ಮನೆಯಲ್ಲಿ ಇದ್ದರೂ ಅದು ತನ್ನ ಬೆರಳಿನ ದುಡಿಮೆ ಎಂದು ಹೇಳಿಕೊಳ್ಳಲು ಆಕೆಗೆ ಇದ್ದದ್ದು ಅದೊಂದೇ. ನನಗೆ ಲಾರಿ ಇದ್ದ ಹಾಗೆ. ಬೇಡ ಬಿಡು ಎನ್ನುವ ಮಾತು ನನ್ನ ಬಾಯಿಗೆ ಬಂತು. ನಾನು ಅನ್ನಲಿಲ್ಲ. ಅಷ್ಟು ಸಿಟ್ಟಿತ್ತು ನನಗೆ.

"ಪಿಂಚಣಿ ನಿಂತ್ರ ನಿನ್ನ ಮನ್ಯಾಗ ನನಗ ರೊಟ್ಟಿ ಐತಿ, ಬೇಟಾ" ಎಂದಳು ಫಖರುನ್ನಿಸಾ. "ಲಾರಿ ಹೋದ್ರ ಈಕಿ ಯಾವಾಗ್ಲೂ ಅಳಿಯನ ಮನ್ಯಾಗ ಇರಬೇಕು. ಇರಾಂಗಿಲ್ಲ ಈಕಿ. ಈಕಿ ಸಿಟ್ಟು ನಿನಗ ಗೊತ್ತಿಲ್ಲ."

ರೆಹಾನ್ ಎದ್ದು ಒಳಗೆ ಹೋಗಿ ಬಾಗಿಲು ಹಾಕಿಕೊಂಡ. ಅವನ ಹೆಂಡತಿ ಮೆಹ್ರೀನ್ ಮಾತ್ರ, "ಸೋಮವಾರ ನಾನು ಲೀವ್ ಹಾಕಿ ಮಕ್ಕಳನ್ನ ನೋಡ್ಕೊತೀನಿ ಅಮ್ಮಿ, ನೀವು ಹೋಗ್ಬನ್ನಿ" ಎಂದಳು. ಆ ಹುಡುಗಿಯ ಆಫೀಸಿನಲ್ಲಿ ಆ ವಾರ ಏನೋ ದೊಡ್ಡ ಕೆಲಸ ಇತ್ತು. ಆದರೂ ಅಂದಳು.

ಶನಿವಾರ, ಭಾನುವಾರ ಎರಡೂ ದಿನ ಫಖರುನ್ನಿಸಾ ಮಗನ ಕಂಪ್ಯೂಟರಿನ ಮುಂದೆ ಕುಳಿತಳು. ಮೇಲ್ಮನವಿಯ ಮಾತುಗಳನ್ನು ವಕೀಲರು ಫೋನಿನಲ್ಲಿ ಹೇಳಿದ್ದರು, ಅದು ಬೇಗ ಆಯಿತು. ನಿಂತದ್ದು ಆಕೆಯ ಪ್ರಮಾಣಪತ್ರ. ಇಂಗ್ಲಿಷಿನಲ್ಲಿ ಹೊಡೆಯುವಳು, ನನಗೆ ಕನ್ನಡದಲ್ಲಿ ಓದಿ ಹೇಳುವಳು.

"ಆಫೀಸಿನ ಸೂಚನೆಯ ಮೇರೆಗೆ ನಾಲ್ಕನೇ ಪ್ಯಾರಾವನ್ನು ಕೈಬಿಡಲಾಯಿತು."

"ಯಾರ ಕೈ?" ಎಂದೆ.

"ಹಂಗ ಬರೀತಾರ ಅಕ್ಕಾ. ಸರಕಾರಿ ಮಾತು."

"ಆ ಸರಕಾರಿ ಮಾತೇ ನನ್ನ ಲಾರಿ ನುಂಗೇತಿ. ಕೈ ಯಾರದು ಅಂತ ಬರಿ."

ನನ್ನನ್ನು ಸುಡುವ ಹಾಗೆ ನೋಡಿದಳು. ನಾನೂ ನೋಡಿದೆ. ಆಮೇಲೆ ಪಟಪಟ ಅಳಿಸಿ ಹೊಡೆದಳು. "ಶಿರಸ್ತೇದಾರರು ಗೀಟು ಹಾಕಿದರು. ನಾನು ಬಿಟ್ಟೆ. ಬಿಟ್ಟದ್ದು ತಪ್ಪೆಂದು ನನಗೆ ತಿಳಿದಿತ್ತು. ನಾನು ಅಲ್ಲಿದ್ದಷ್ಟು ದಿನ ಯಾವ ಮಾಲೀಕನನ್ನೂ ದಂಡ ಕಟ್ಟುತ್ತೀಯಾ ಎಂದು ಕೇಳಿದ್ದನ್ನು ನಾನು ನೋಡಿಲ್ಲ." ಓದಿ ಮುಗಿಸಿ, "ಈಗ ಹೊಟ್ಟಿ ತಣ್ಣಗಾತೇನು?" ಎಂದಳು.

"ಇಲ್ಲ" ಎಂದೆ.

ಸೋಮವಾರ ಬೆಳಿಗ್ಗೆ ಇಬ್ಬರೂ ಬಾರ್ಟ್ ರೈಲು ಹತ್ತಿ ಸ್ಯಾನ್‌ಫ್ರಾನ್ಸಿಸ್ಕೋಗೆ ಹೋದೆವು, ನಮ್ಮ ದೇಶದ ಕಾನ್ಸುಲೇಟಿನಲ್ಲಿ ಆ ಪತ್ರಕ್ಕೆ ಮುದ್ರೆ ಹಾಕಿಸಲು. ರೈಲಿನಲ್ಲಿ ನಮ್ಮ ಹುಡುಗರೇ ಅರ್ಧ, ಎಲ್ಲರ ತೊಡೆಯ ಮೇಲೂ ಕಂಪ್ಯೂಟರು. ನೀರಿನ ಕೆಳಗಿನ ಸುರಂಗದಲ್ಲಿ ಕಿವಿ ಗುಂಯ್ಗುಡುವಾಗ ಆಕೆ ನನ್ನ ಮೊಣಕೈ ಹಿಡಿದುಕೊಂಡಳು, ಹೊರಗೆ ಬಂದ ಕೂಡಲೇ ಬಿಟ್ಟಳು. ಕಿಟಕಿಯ ಹಿಂದಿನ ಅಧಿಕಾರಿ ಪತ್ರವನ್ನು ಪೂರಾ ಓದಿದ. ತಲೆಯೆತ್ತಿ, ಇದು ನಿಮ್ಮ ಮೇಲೆ ನೀವೇ ಬರೆದುಕೊಂಡ ಹಾಗಿದೆಯಲ್ಲ, ತಿಳಿದೇ ಸಹಿ ಮಾಡುತ್ತೀರಾ ಎಂದು ಇಂಗ್ಲಿಷಿನಲ್ಲಿ ಕೇಳಿದ. ಆಕೆ, "ಯೆಸ್ ಸರ್, ಐ ಟೈಪ್ಡ್ ಇಟ್" ಎಂದಳು. ಅವನು ಮುದ್ರೆ ಒತ್ತಿದ. ಅಲ್ಲಿಂದಲೇ ಕೊರಿಯರಿಗೆ ಹಾಕಿದೆವು. ಶುಕ್ರವಾರ, ಇಪ್ಪತ್ತೊಂಬತ್ತನೆಯ ದಿನ, ಇಟಗಿಯವರು ಜಿಲ್ಲಾ ನ್ಯಾಯಾಧೀಶರ ಮುಂದೆ ಅರ್ಜಿ ಹಾಕಿದರು. ಹರಾಜು ನಿಂತಿತು.

ಕೋರ್ಟು ಮೂರು ತಿಂಗಳು ತೆಗೆದುಕೊಂಡಿತು. ನಾನು ವೀಸಾ ಮುಂದುವರಿಸಿಕೊಂಡು ಕುಳಿತೆ. ಆ ಮೂರು ತಿಂಗಳಲ್ಲಿ ಎರಡು ತಿಂಗಳು ಫಖರುನ್ನಿಸಾಳ ಪಿಂಚಣಿ ಬರಲಿಲ್ಲ. ಆಮೇಲೆ ಒಂದು ಲಕೋಟೆ ಬಂತು. ಆಫೀಸಿನ ಒಳಗಿನ ವಿಷಯ ಹೊರಗೆ ಹೇಳಿದ್ದಕ್ಕೆ ನಿಮ್ಮ ಮೇಲೆ ಏಕೆ ಕ್ರಮ ಕೈಗೊಳ್ಳಬಾರದು, ಹದಿನೈದು ದಿನದಲ್ಲಿ ಉತ್ತರಿಸಿ ಎಂದು. ತಾವು ಇಪ್ಪತ್ತು ವರ್ಷ ಮಂದಿಯನ್ನು ದೋಚಿದ್ದಕ್ಕೆ ಉತ್ತರ ಕೊಡುವವರು ಯಾರೂ ಇಲ್ಲ, ಹೇಳಿದವಳು ಉತ್ತರ ಕೊಡಬೇಕು! ನಾನು ಹಲ್ಲು ಕಡಿದೆ. ಆಕೆ ಮಕ್ಕಳು ಮಲಗಿದ ಮಧ್ಯಾಹ್ನ ಕುಳಿತು ನೆನಪಿನಿಂದಲೇ ನಲವತ್ತೊಂದು ಹೆಸರು ಹೊಡೆದಳು. ಹೆಸರು, ಊರು, ಹೋದದ್ದು ಲಾರಿಯೋ ಟ್ರ್ಯಾಕ್ಟರೋ ಬಂಡಿಯೋ, ಸಿಕ್ಕ ಮಾಲು ಎಷ್ಟು. ಕೆಳಗೆ ಒಂದೇ ಸಾಲು: ನನ್ನ ಮೇಲೆ ಕ್ರಮ ಕೈಗೊಳ್ಳುವ ಮೊದಲು ಇವರನ್ನು ಕರೆದು ಕೇಳಿರಿ. ಅದಕ್ಕೆ ಉತ್ತರ ಬರಲಿಲ್ಲ. ಪಿಂಚಣಿ ಬಂತು. ಆ ನಲವತ್ತೊಂದು ಮಂದಿಯಲ್ಲಿ ಒಬ್ಬರನ್ನೂ ಯಾರೂ ಕರೆಯಲಿಲ್ಲ.

ಕೋರ್ಟಿನಲ್ಲಿ ಸರಕಾರದ ವಕೀಲ, "ಮೂರಾದ ಮೇಲೆ ಐದು ಬಂದದ್ದು ಟೈಪಿಂಗ್ ತಪ್ಪು, ಸ್ವಾಮಿ" ಎಂದನಂತೆ. ನ್ಯಾಯಾಧೀಶರು, "ತಪ್ಪು ಮಾಡಿದವರು ಬರೆದುಕೊಟ್ಟಿದ್ದಾರೆ. ನೀವು ನಿಮ್ಮದು ಹೇಳಿ" ಎಂದರಂತೆ. ಮಾಲೀಕಳು ದೇಶದಲ್ಲೇ ಇರಲಿಲ್ಲ, ನೋಟೀಸು ಮುಟ್ಟಲಿಲ್ಲ, ಡ್ರೈವರು ಬಿಲ್ಲು ನೋಡಿದ್ದ, ದಂಡ ಕಟ್ಟುವ ಅವಕಾಶವನ್ನು ಕೇಳಲೇ ಇಲ್ಲ, ಆದ್ದರಿಂದ ಆದೇಶ ರದ್ದು, ಲಾರಿಯನ್ನು ಮಾಲೀಕಳಿಗೆ ಒಪ್ಪಿಸತಕ್ಕದ್ದು. ಅಕ್ಕಿ ಹುಗಿದ ಹಿಂಡಿ ವ್ಯಾಪಾರಿಯ ಮೇಲೆ ಮಾತ್ರ ಅಷ್ಟು ದಿನವಾದರೂ ಕೇಸೇ ಇರಲಿಲ್ಲ. ಅವನು ಯಾರಿಗೋ ಬೇಕಾದವನು.

ನವೆಂಬರಿನಲ್ಲಿ ಯಮನೂರಪ್ಪ ಪೊಲೀಸ್ ಅಂಗಳಕ್ಕೆ ಲಾರಿ ತರಲು ಹೋದ. ಅಲ್ಲಿ ಸಂಜೆ, ನಮಗೆ ಬೆಳಗಿನ ಐದೂವರೆ. ಪದ್ಮಜಾಳ ಮಗು ಏಳಬಾರದೆಂದು ನಾನು ಫಖರುನ್ನಿಸಾಳ ಮನೆಗೆ ಹೋಗಿದ್ದೆ. ಆಕೆ ನಮಾಜು ಮುಗಿಸಿ ಚಹಾ ಇಟ್ಟಿದ್ದಳು. ಅಂಗಳದ ಗೇಟಿನ ಎದುರಿನ ಬೂತಿಗೆ ನಾವೇ ಫೋನು ಹಚ್ಚಿದೆವು.

"ಅವ್ವಾ" ಎಂದ ಯಮನೂರಪ್ಪ. "ಲಾರಿ ಕಲ್ಲಿನ ಮ್ಯಾಲ ನಿಂತೈತಿ. ಇಲ್ಲಿ ಪೇದೆ ಒಂದು ಫಾರ್ಮು ಕೊಟ್ಟಾನ. 'ಸುಸ್ಥಿತಿಯಲ್ಲಿ ಮುಟ್ಟಿತು' ಅಂತ ಅಚ್ಚಾಗೈತಿ. ಅದಕ್ಕ ಸಹಿ ಹಾಕಿದ್ರನ ಬಿಡ್ತೀನಂತಾನ."

ನಾಲ್ಕು ತಿಂಗಳ ಸಿಟ್ಟು ನನ್ನ ನೆತ್ತಿಗೆ ಬಂತು. "ಏನೇನಿಲ್ಲ?"

"ಮುಂದಿನ ಎರಡು ಟೈರು, ಸ್ಟೆಪ್ನಿ, ಬ್ಯಾಟರಿ, ಜ್ಯಾಕು, ಲೋಡಿನ ಮ್ಯಾಲ ಹೊದಸೋ ತಾಡಪತ್ರಿ. ನನ್ನ ಸೀಟಿನ ಗಾದಿ ಸುದ್ದಾ ಇಲ್ಲವ್ವಾ."

ಸಹಿ ಹಾಕಿ ತಗೊಂಡು ಬಾ ಎಂದುಬಿಡಬಹುದಿತ್ತು. ಲಾರಿ ಕೈಗೆ ಬರುತ್ತಿತ್ತು. ಹಾಕದಿದ್ದರೆ ಮತ್ತೆ ನಾಳೆ ಬಾ, ನಾಡಿದ್ದು ಬಾ. ನಾನು ಫಖರುನ್ನಿಸಾಳ ಕಡೆ ನೋಡಿದೆ. ಆಕೆ, "ಲಾರಿ ನಿಂದು. ನೀ ಹೇಳು" ಎಂದಳು.

"ಸುಸ್ಥಿತಿ ಅನ್ನೂದನ್ನ ಹೊಡದಹಾಕೋ" ಎಂದೆ. "ಇಲ್ಲದ್ದು ಒಂದೊಂದ ಬರಿ. ಬರದ ಸಹಿ ಹಾಕು."

ಪಕ್ಕದಲ್ಲಿ ಪೇದೆ ಕೂಗಿದ್ದು ನಮಗೂ ಕೇಳಿಸಿತು. "ಏಯ್, ಸರಕಾರಿ ಫಾರ್ಮಿನ ಮ್ಯಾಲ ಗೀಚತೀಯೇನ? ಯಾರಂವ ಫೋನಿನಾಗ?"

ಫಖರುನ್ನಿಸಾ ನನ್ನ ಕೈಯಿಂದ ಫೋನು ಕಸಿದುಕೊಂಡಳು. ಅವನಿಗೆ ಕೊಡು ಎಂದಳು. ಆಕೆಯ ಬಾಯಿಂದ ಆ ದನಿ ನಾನು ಅದುವರೆಗೆ ಕೇಳಿರಲಿಲ್ಲ, ಆಫೀಸಿನ ದನಿ. "ಆಹಾರ ಶಾಖೆಯಲ್ಲಿ ಇಪ್ಪತ್ನಾಲ್ಕು ವರ್ಷ ಇದ್ದವಳು ಮಾತಾಡ್ತಿದ್ದೇನೆ. ಕೋರ್ಟಿನ ಆದೇಶದ ಪ್ರಕಾರ ಇವತ್ತು ಒಪ್ಪಿಸಬೇಕು. ನಿಮ್ಮ ಹೆಸರು, ಬಿಲ್ಲೆ ನಂಬರು ಹೇಳಿ, ಟೈಪ್ ಮಾಡಿಕೊಳ್ತೇನೆ." ಎಂದವಳೇ ಫೋನನ್ನು ಕಂಪ್ಯೂಟರಿನ ಕೀಲಿಮಣೆಯ ಪಕ್ಕ ಇಟ್ಟು ಹತ್ತು ಬೆರಳಿನಿಂದ ಬಡಿಯತೊಡಗಿದಳು. ಕಂಪ್ಯೂಟರು ಹಚ್ಚಿಯೇ ಇರಲಿಲ್ಲ.

ಅತ್ತ ಕಡೆ ಪೇದೆ ಫೋನನ್ನು ತಿರುಗಿ ಯಮನೂರಪ್ಪನ ಕೈಗೆ ಕೊಟ್ಟು, "ಬರಕೊಳ್ಳಪಾ, ಏನ ಬರಕೋತಿ ಬರಕೊ, ನನಗ್ಯಾಕ ಊರ ಉಸಾಬರಿ" ಎಂದ.

ಯಮನೂರಪ್ಪ ಒಂದೊಂದೇ ಓದುತ್ತ ಬರೆದ. ನಾವಿಬ್ಬರೂ ಫೋನಿಗೆ ಕಿವಿ ಹಚ್ಚಿ ಕೇಳಿದೆವು. ಆ ರಾತ್ರಿಯೇ ಇನ್ನೊಂದು ಲಾರಿಗೆ ಸರಪಳಿ ಹಾಕಿ, ಬಾಡಿಗೆ ಟೈರು ತೊಡಿಸಿ, ನನ್ನ ಲಾರಿಯನ್ನು ಎಳೆದುಕೊಂಡು ಹೊರಗೆ ತಂದರು.

ಆ ಟೈರು, ಬ್ಯಾಟರಿಗೆ ಇವತ್ತಿನವರೆಗೂ ಯಾರೂ ಉತ್ತರ ಕೊಟ್ಟಿಲ್ಲ. ಅರ್ಜಿಯನ್ನೇನೋ ಫಖರುನ್ನಿಸಾ ಅವತ್ತೇ, ಕಂಪ್ಯೂಟರು ಹಚ್ಚಿ, ಹೊಡೆದುಕೊಟ್ಟಳು. ನಾನು ಟಿಕೆಟು ತೆಗೆಸುತ್ತೇನೆ ಎಂದೆ.

"ನೀನೂ ಬಾ" ಎಂದೆ. "ಇಬ್ಬರೂ ಕೂಡಿ ಆ ಆಪೀಸಿಗೆ ಹೋಗೂಣು."

"ನಾ ಆ ಮೆಟ್ಟಲ ಹತ್ತಾಂಗಿಲ್ಲ."

"ಯಾಕ, ಅಂಜಿಕಿ ಏನು?"

"ಅಂಜಿಕಿ ಅಲ್ಲ" ಎಂದಳು, ಹಾಳೆಗಳನ್ನು ಜೋಡಿಸಿ ಟಕ್ಕನೆ ಪಿನ್ನು ಹೊಡೆಯುತ್ತ. "ಹತ್ತಿದ್ರ ಯಾರನರ ಹೊಡದುಬಿಡ್ತೇನಿ."

ಆಗ ಬೆಳಗಿನ ಏಳು ಗಂಟೆಯಾಗಿತ್ತು. ಕೆಳಗೆ ಕಾರು ನಿಂತ ಸಪ್ಪಳವಾಯಿತು, ಯಾರೋ ಮಗುವನ್ನು ಬಿಡಲು ಬಂದಿದ್ದರು. ಆಕೆ ಹೋಗಿ ಬಾಗಿಲು ತೆರೆದಳು.